ಚಿಕ್‌ಗು ಬರೆಸಿದ ಹಾಜರಿ

ನನ್ನ ಡೈರಿಯಲ್ಲಿ ಅವರು ಬರುವ ಪುಟಗಳು ಅರವತ್ತಮೂರು. ಕಳೆದ ವಾರ ಕುಳಿತು ಎಣಿಸಿದೆ. ಎಣಿಸುವಂತೆ ಮಾಡಿದ್ದು ವೈನಿಯ, ಅಂದರೆ ಅಣ್ಣನ ಹೆಂಡತಿಯ, ಮೊಬೈಲಿಗೆ ಬಂದ ಒಂದು ಸಂದೇಶ. ಅಣ್ಣನ ಮಗಳು ಪುಟ್ಟಿ ಹೋಗುವ ಡಾಗಿಸ್‌ನಿಂದ, ಅಂದರೆ ಇಲ್ಲಿನ ಶಿಶುವಿಹಾರದಿಂದ, ಎಲ್ಲ ಪಾಲಕರಿಗೂ ಅದು ಬಂದಿತ್ತು. ನಮ್ಮ ಅಡುಗೆಮನೆಯ ಹಿರಿಯರು ಈ ಬೇಸಿಗೆಗೆ ನಿವೃತ್ತರಾಗುತ್ತಿದ್ದಾರೆ, ಅವರ ಬಗ್ಗೆ ಎರಡೆರಡು ಸಾಲು ಬರೆದು ಕಳಿಸಿ, ಸೇರಿಸಿ ಪುಸ್ತಕ ಮಾಡಿ ಕೊಡುತ್ತೇವೆ ಎಂದಿತ್ತು.

"ನಮ್ಮ ಮನಿ ಪರವಾಗಿ ನೀನ ಬರಿ. ಬರಿಯಾಕಿ ನೀನ ಅಲ್ಲೇನು," ಎಂದರು ವೈನಿ. ಆಮೇಲೆ ನನ್ನ ಮುಖ ನೋಡಿ, "ಬ್ಯಾಡ ಬಿಡು, ನಾನ ಏನರೆ ಬರದು ಕಳಸ್ತೀನಿ," ಎಂದರು. ತುಂಬಾ ಒಳ್ಳೆಯವರು, ಧನ್ಯವಾದ ಎಂದು ಬರೆದು, ಒಂದು ಹೂವಿನ ಚಿತ್ರ ಹಾಕಿ ಕಳಿಸಿಯೂ ಬಿಟ್ಟರು. ನನ್ನದು ಎರಡು ಸಾಲಿನಲ್ಲಿ ಮುಗಿಯುವಂಥದ್ದಲ್ಲ. ಹಾಗಾಗಿ ಇಲ್ಲಿ ಬರೆಯುತ್ತಿದ್ದೇನೆ.

ಎಲ್ಲರೂ ಅವರನ್ನು ಚಿಕ್‌ಗು ಎನ್ನುತ್ತಿದ್ದರು. ಮಲಯ್ ಭಾಷೆಯಲ್ಲಿ ಹಾಗೆಂದರೆ ಟೀಚರ್. ಮಲೇಶಿಯಾದ ದಕ್ಷಿಣ ತುದಿಯ ಒಂದು ಮೀನುಗಾರರ ಹಳ್ಳಿಯವರು. ಹಡಗಿನ ಎಂಜಿನ್ ರಿಪೇರಿ ಮಾಡುತ್ತಿದ್ದ ಗಂಡನ ಜೊತೆ ಮೂವತ್ತು ವರ್ಷಗಳ ಹಿಂದೆ ಗೋಥೆನ್‌ಬರ್ಗ್‌ಗೆ ಬಂದವರು, ಆತ ತೀರಿಕೊಂಡ ಮೇಲೂ ಇಲ್ಲೇ ಉಳಿದರು. ಕುಳ್ಳಗೆ, ದುಂಡಗೆ, ಚುರುಕಾಗಿ ಓಡಾಡುವ ಹೆಂಗಸು. ತಲೆಯ ಸ್ಕಾರ್ಫಿಗೆ ಯಾವಾಗಲೂ ಎಡಗಡೆಯೇ ಪಿನ್ನು. ಮಾತು ಸ್ವೀಡಿಷ್ ಮತ್ತು ಇಂಗ್ಲಿಷಿನ ಬೆರಕೆ. ನಮ್ಮಿಂದ ಎರಡು ಕನ್ನಡ ಪದ ಕಲಿತಿದ್ದರು: 'ಸಾಕು' ಮತ್ತು 'ಇನ್ನೊಂದ್ಸಲ'. ಎರಡನ್ನೂ ಸರಿಯಾದ ಜಾಗದಲ್ಲೇ ಬಳಸುತ್ತಿದ್ದರು.

ಡಾಗಿಸ್‌ನ ಅಡುಗೆಮನೆಯಲ್ಲಿ ಅವರು ಎರಡು ಸೌಟು ಇಟ್ಟುಕೊಂಡಿದ್ದರು. ಹಂದಿಮಾಂಸ ತಿನ್ನದ ಮಕ್ಕಳ ಪಾತ್ರೆಗೆ ಹಾಕುವ ಸೌಟಿನ ಹಿಡಿಗೆ ಕೆಂಪು ದಾರ ಕಟ್ಟಿದ್ದರು. ಹೊಸದಾಗಿ ಸೇರಿದ ಅಡುಗೆಯವನೊಬ್ಬ, "ತೊಳೆದ ಮೇಲೆ ಎರಡೂ ಒಂದೇ ಸ್ಟೀಲು ತಾನೆ?" ಎಂದು ನಕ್ಕನಂತೆ. "ಸ್ಟೀಲು ಒಂದೇ. ಆದರೆ ನಾನು ತಾಯಂದಿರಿಗೆ ಮಾತು ಕೊಟ್ಟಿದ್ದೀನಲ್ಲ," ಎಂದರಂತೆ ಚಿಕ್‌ಗು. ಇದನ್ನು ವೈನಿ ನಮ್ಮ ಬಳಗದ ಎಲ್ಲ ಮನೆಗಳಲ್ಲೂ ಹೇಳಿಕೊಂಡು ಬಂದರು. ಇಂಥವರ ಕೈಯಲ್ಲಿ ಮಕ್ಕಳನ್ನು ಬಿಟ್ಟು ಕೆಲಸಕ್ಕೆ ಹೋಗಬಹುದು ಎಂದು ನಾವೆಲ್ಲ ನಂಬಿದೆವು. ಭಾನುವಾರಗಳಂದು ಮಸೀದಿಯ ಮೇಲಿನ ಕೋಣೆಯಲ್ಲಿ ಪುಟ್ಟಿಯೂ ಸೇರಿ ಹತ್ತೊಂಬತ್ತು ಮಕ್ಕಳಿಗೆ ಖುರಾನ್ ಓದಲು ಕಲಿಸುತ್ತಿದ್ದವರೂ ಅವರೇ.

ನನ್ನ ಬಗ್ಗೆ ಸ್ವಲ್ಪ ಹೇಳಬೇಕು. ನಮ್ಮೂರು ರಾಣೆಬೆನ್ನೂರು, ನಮ್ಮದು ಪಿಂಜಾರರ ಮನೆ, ಮನೆಮಾತು ಕನ್ನಡ. ಅಣ್ಣ-ವೈನಿಯ ಜೊತೆ ಈ ಊರಿನ ಹಿಸಿಂಗೆನ್ ಭಾಗದಲ್ಲಿ ಇದ್ದೇನೆ. ಲಿಂಡ್‌ಹೋಲ್ಮೆನ್‌ನ ಒಂದು ಆಫೀಸಿನಲ್ಲಿ ಕಾರುಗಳ ಸಾಫ್ಟ್‌ವೇರನ್ನು ಟೆಸ್ಟ್ ಮಾಡುತ್ತೇನೆ. ಏನು ಮಾಡಿದೆ, ಏನಾಯಿತು, ಎಷ್ಟು ಸಲ ಆಯಿತು ಎಂದು ಬರೆದಿಡುವುದೇ ನನ್ನ ಕೆಲಸ. ಮನೆಗೆ ಬಂದ ಮೇಲೂ ಅದೇ ಚಾಳಿ.

ಎರಡು ವರ್ಷದ ಹಿಂದೆ, ಆಗಸ್ಟಿನ ಕೊನೆಯ ಸೋಮವಾರ, ಪುಟ್ಟಿಯನ್ನು ಕರೆದುಕೊಂಡು ಬರಲು ಹೋದಾಗ ಚಿಕ್‌ಗು ಅಡುಗೆಮನೆಯ ಬಾಗಿಲಲ್ಲಿ ನಿಂತು ನನ್ನನ್ನು ನೋಡಿದರು. "ನೀನು ತಲೆ ಮೇಲೆ ಕೊಡ ಇಟ್ಟುಕೊಂಡವಳ ಹಾಗೆ ನಡೀತೀಯ. ಶನಿವಾರ ಬಾ, ಕುಣಿಯೋದು ಕಲಿಸ್ತೀನಿ," ಎಂದರು. ನಾನು ನಕ್ಕೆ. ನಮ್ಮ ಮನೆಯಲ್ಲಿ ಕುಣಿಯುವುದೆಂದರೆ ಮದುವೆಯಲ್ಲಿ ಹೆಂಗಸರ ಕೋಣೆಯ ಬಾಗಿಲು ಹಾಕಿಕೊಂಡು ಐದು ನಿಮಿಷ. ಅಷ್ಟೇ.

ಅವರು ಬಿಡಲಿಲ್ಲ. ಮುಂದಿನ ಗುರುವಾರ ಮನೆಗೇ ಬಂದರು. ವೈನಿಯ ಪಕ್ಕ ನಿಂತು ಇಳಿಹೊತ್ತಿನ ಅಸರ್ ನಮಾಜು ಮಾಡಿದರು, ಆಮೇಲೆ ಅಣ್ಣನ ಎದುರು ಕುಳಿತರು. ತಾವು ಹಾಕಿಕೊಂಡಿದ್ದ ಬಾಜು ಕುರುಂಗ್ ತೋರಿಸಿದರು. ಮೊಳಕಾಲಿನವರೆಗೆ ಬರುವ ಸಡಿಲವಾದ ಮೇಲಂಗಿ, ಅದರ ಕೆಳಗೆ ಪಾದ ಮುಚ್ಚುವ ಲಂಗ. "ಬಟ್ಟೆ ಇದು. ಯಾರೂ ಯಾರನ್ನೂ ಮುಟ್ಟೋದಿಲ್ಲ. ವಿಡಿಯೋ ಇಲ್ಲ. ನಮ್ಮ ಅಜ್ಜಿಯರು ಕುಣಿದದ್ದು, ಮರ್ಯಾದೆಯ ಕುಣಿತ," ಎಂದರು. ಅಣ್ಣ ಸ್ವಲ್ಪ ಯೋಚಿಸಿ, "ಖುರಾನ್ ಕಲಿಸೋರು ಹೇಳಾಕತ್ತಾರಂದ್ರ ನಾ ಏನ್ ಅಡ್ಡ ಮಾತಾಡ್ಲಿ," ಎಂದು ನನಗೆ ಹೇಳಿದ.

ಆ ಶನಿವಾರ ಹೋದರೆ, ಲೈಬ್ರರಿಯ ಮಹಡಿಯ ಹಾಲಿನಲ್ಲಿ ನಾನೂ ಸೇರಿ ಆರು ಹೆಂಗಸರು, ಐದು ಗಂಡಸರು. ಜೊಗೆತ್ ಎನ್ನುವ ಆ ಕುಣಿತ ಇರುವುದೇ ಗಂಡು-ಹೆಣ್ಣು ಜೋಡಿಯಾಗಿ. ಆ ದಿನದ ಡೈರಿಯಲ್ಲಿ ಹೀಗಿದೆ: 'ಚಿಕ್‌ಗು ಅಣ್ಣನಿಗೆ ಅರ್ಧ ಹೇಳಿದ್ದಾರೆ. ಮನೆಗೆ ಬಂದು ಇನ್ನರ್ಧ ನಾನೂ ಹೇಳಲಿಲ್ಲ.'

ಅವರ ಕಲಿಸುವ ರೀತಿಯನ್ನು ನಾನು ಇನ್ನೆಲ್ಲೂ ಕಂಡಿಲ್ಲ. ಪಿಟೀಲು ಮತ್ತು ಡೋಲಿನ ಹಾಡು ಹಚ್ಚುತ್ತಿದ್ದರು. ಜೋಡಿಗಳು ಎದುರುಬದುರು ಕುಣಿಯುತ್ತಿದ್ದರೆ, ಅವರು ಡಾಗಿಸ್‌ನಿಂದ ತಂದ ಪ್ಲಾಸ್ಟಿಕ್ ಟ್ರೇಯಲ್ಲಿ ಆರು ಗ್ಲಾಸ್ ಚಹಾ ಇಟ್ಟುಕೊಂಡು ಪ್ರತಿಯೊಂದು ಜೋಡಿಯ ನಡುವೆಯೂ ನಡೆದು ಹೋಗುತ್ತಿದ್ದರು. ಯಾರಿಗಾದರೂ ತಗುಲಿ ಚಹಾ ಚೆಲ್ಲಿದರೆ ಆ ಜೋಡಿಯೇ ಕೊನೆಗೆ ಗ್ಲಾಸು ತೊಳೆಯಬೇಕು. "ಹತ್ತಿರ ಬಂದರೆ ಚೆಲ್ಲುತ್ತೆ. ಹೆದರಿ ದೂರ ಹೋದರೆ ಅದು ಕುಣಿತವಲ್ಲ, ಬಸ್ ಸ್ಟಾಪು. ಇಷ್ಟೇ ಜಾಗ, ಈ ಟ್ರೇಯಷ್ಟು. ಪ್ರೀತಿ, ತಮಾಷೆ, ಜಗಳ, ಎಲ್ಲ ಇದರೊಳಗೇ ಹಿಡಿಸಬೇಕು," ಎನ್ನುತ್ತಿದ್ದರು.

ನಾಚಿಕೆಯ ಬಗ್ಗೆ ಅವರು ಹೇಳಿದ ಮಾತನ್ನು ನಾನು ಹಾಗೆಯೇ ಬರೆದುಕೊಂಡಿದ್ದೇನೆ. "ನಾಚಿಕೆ ಅಂದರೆ ಹೆದರಿಕೆ ಅಂತ ತಿಳಿದಿದ್ದೀರಿ. ಅಲ್ಲ. ಎದುರಿಗಿರೋರಿಗೆ ನಿಲ್ಲೋಕೆ ಜಾಗ ಬಿಡೋದು ನಾಚಿಕೆ." ಹಾಗೆ ಹೇಳುವಾಗ ಎಡಗೈಯಿಂದ ಲಂಗದ ನೆರಿಗೆ ಹಿಡಿದು, ಬಲಗೈಯ ಬೆರಳುಗಳನ್ನು ಎಲೆಯಂತೆ ಮೇಲಕ್ಕೆ ಬಾಗಿಸಿ, ಕಣ್ಣು ಕೆಳಗೆ ಮಾಡಿ ಒಂದು ಸುತ್ತು ಬರುತ್ತಿದ್ದರು. ಅರವತ್ತು ಮುಟ್ಟುತ್ತಿದ್ದ, ಮೊಣಕಾಲು ನೋವಿನ ಆ ಹೆಂಗಸು ಆ ಒಂದು ಸುತ್ತಿನಲ್ಲಿ ಇಪ್ಪತ್ತರವಳಾಗುತ್ತಿದ್ದರು. ಇದರಲ್ಲಿ ಉತ್ಪ್ರೇಕ್ಷೆ ಇಲ್ಲ.

ಹಾಜರಿಯ ವಿಷಯ ಮೊದಲ ಶನಿವಾರವೇ ಬಂತು. ಇಲ್ಲಿ ಯಾವುದಾದರೂ ಕಲಿಕೆಯ ಗುಂಪಿಗೆ ಜಾಗ ಕೊಡುವ ಸಂಘದವರು ಪ್ರತಿವಾರ ಯಾರು ಬಂದಿದ್ದರು ಎಂಬ ಪಟ್ಟಿ ಕೇಳುತ್ತಾರೆ. ಚಿಕ್‌ಗು ನನ್ನ ಕೈಗೆ ಪೆನ್ನು ಕೊಟ್ಟು, "ನಿನ್ನ ಅಕ್ಷರ ಮುದ್ದಾಗಿದೆ, ನೀನೇ ಬರಿ," ಎಂದು ಎರಡು ಹಾಳೆ ಮುಂದಿಟ್ಟರು. ಒಂದು ಹೆಂಗಸರ ಗುಂಪು, ಹನ್ನೊಂದರಿಂದ ಹನ್ನೆರಡು. ಇನ್ನೊಂದು ಗಂಡಸರ ಗುಂಪು, ಹನ್ನೆರಡರಿಂದ ಒಂದು.

"ಚಿಕ್‌ಗು, ನಾವೆಲ್ಲ ಜೊತೆಗೇ ಹನ್ನೊಂದರಿಂದ ಒಂದರವರೆಗೆ ಇದ್ದೆವಲ್ಲ?" ಎಂದೆ.

"ಸಂಘದವರಿಗೆ ಹೀಗೇ ಬೇಕಂತೆ. ಕಾಗದ ಅಲ್ವಾ, ಕಾಗದಕ್ಕೇನು ಗೊತ್ತಾಗುತ್ತೆ. ಬರಿ."

ಹಿರಿಯರು ಹೇಳಿದರು, ಬರೆದೆ. ಕೆಳಗೆ ಸಹಿಯನ್ನೂ ಹಾಕಿದೆ. ಆಫೀಸಿನಲ್ಲಿ ಆಗದ ಟೆಸ್ಟನ್ನು ಆಗಿದೆ ಎಂದು ಬರೆದಿದ್ದರೆ ನನ್ನ ಕೆಲಸ ಹೋಗುತ್ತಿತ್ತು. ಇಲ್ಲಿ ಎರಡು ವರ್ಷದಲ್ಲಿ ಜಾಗ ಸಿಕ್ಕ ಮೂವತ್ತೊಂದು ಶನಿವಾರ, ಅರವತ್ತೆರಡು ಹಾಳೆ, ಒಂದು ಚಿತ್ತು ಕೂಡ ಇಲ್ಲದೆ ಬರೆದೆ. ಒಂದು ಸಲವಂತೂ ಅವರು ಹಾಳೆಯನ್ನು ಬೆಳಕಿಗೆ ಹಿಡಿದು, "ನೋಡಿ, ಇದು ಅಚ್ಚು ಹಾಕಿಸಿದ ಹಾಗಿದೆ," ಎಂದು ಎಲ್ಲರಿಗೂ ತೋರಿಸಿದರು. ನಾನು ಹಿಗ್ಗಿದೆ.

ಮೊದಲ ಚಳಿಗಾಲದಲ್ಲಿ ನನಗೆ ಹತ್ತು ದಿನ ಜ್ವರ. ಅವುಗಳಲ್ಲಿ ಆರು ದಿನ ಅವರ ಮನೆಯಿಂದ ಗಂಜಿ ಬಂತು, ಮೇಲೆ ಹುರಿದ ಈರುಳ್ಳಿ ಉದುರಿಸಿದ್ದು. ಹುಷಾರಾದ ಮೇಲೆ ಡಬ್ಬಿ ಹಿಂತಿರುಗಿಸಲು ಹೋದಾಗ, ಅಡುಗೆ ಮಾಡುತ್ತಲೇ ತಮ್ಮ ಕಥೆ ಹೇಳಿದರು. ಹದಿನೇಳನೇ ವಯಸ್ಸಿಗೆ ಅವರು ಸುತ್ತಲಿನ ಹಳ್ಳಿಗಳ ಮದುವೆಗಳಲ್ಲಿ ಜೊಗೆತ್ ಕುಣಿಯುತ್ತಿದ್ದರಂತೆ. ಜೋಡಿಯಾಗಿ ಕುಣಿಯುತ್ತಿದ್ದ ಹುಡುಗ ಇವರನ್ನು ಬಯಸಿದ. ಅಷ್ಟರಲ್ಲಿ ಊರಿಗೆ ಹೊಸ ಧರ್ಮಗುರು ಬಂದರು. ಹೆಂಗಸರು ಪರಗಂಡಸರ ಮುಂದೆ ಕುಣಿಯುವುದು ನಿಂತಿತು. ವಾದ್ಯಗಳನ್ನು ಅಟ್ಟಕ್ಕೆ ಏರಿಸಿದರು. ಹುಡುಗನ ಮನೆಯವರು ಹೆಣ್ಣಿನ ಬಗ್ಗೆ ವಿಚಾರಿಸಲು ಪಕ್ಕದ ಮನೆಯಾಕೆಯ ಹತ್ತಿರ ಹೋದರು.

"ಅವಳ ಮೂರು ಮಕ್ಕಳನ್ನು ನಾನು ಎತ್ತಿ ಆಡಿಸಿದ್ದೆ," ಎಂದರು ಚಿಕ್‌ಗು. "ಒಂದು ಒಳ್ಳೆ ಮಾತು ಹೇಳಿದ್ದರೆ ಸಾಕಿತ್ತು. ಆದರೆ ಅವಳ ಮಗಳೂ ನಮ್ಮ ಜೊತೆ ಕುಣಿದಿದ್ದಳು. ತನ್ನ ಮಗಳ ಹೆಸರು ಬರಬಾರದು ಅಂತ ನನ್ನ ಹೆಸರು ಹೇಳಿದಳು. ಊರೆಲ್ಲ ನೋಡಿದ ಹುಡುಗಿ ಅಂದಳಂತೆ."

"ಆಮೇಲೆ ಅವಳನ್ನು ಏನಾದರೂ ಕೇಳಿದಿರಾ?"

"ಏನು ಕೇಳೋದು? ಈರುಳ್ಳಿ ಕೊಡು, ಅಲ್ಲಿದೆ."

ಇರ್ಫಾನ್ ನನ್ನ ಎರಡನೇ ವರ್ಷದಲ್ಲಿ ಬಂದ. ನಾನು ಕಾಲು ತಪ್ಪಿ ಚಹಾ ಚೆಲ್ಲಿ "ಅಯ್ಯೋ ದೇವರೇ" ಎಂದಾಗ ಹಿಂದಿನಿಂದ, "ಓ, ಕನ್ನಡದವ್ರಾ!" ಎನ್ನುವ ಧ್ವನಿ ಬಂತು. ಶಿವಮೊಗ್ಗದವನು, ನಮ್ಮ ಆಫೀಸಿನಿಂದ ಎರಡು ಕಟ್ಟಡ ಆಚೆ ಕೆಲಸ. ಆತನ ಫ್ಲಾಟ್‌ಮೇಟ್ ಮಲಯ್ ಹುಡುಗ, ಅವನ ಜೊತೆ ಬಂದಿದ್ದ. ಚಿಕ್‌ಗು ನಮ್ಮಿಬ್ಬರನ್ನೇ ಜೋಡಿ ಮಾಡಿದರು. ಭಾಷೆ ಒಂದೇ, ಹೆಜ್ಜೆ ಹೇಳಿಕೊಳ್ಳಲು ಸುಲಭ ಎಂದರು.

ಜೊಗೆತ್‌ನಲ್ಲಿ ಹೆಣ್ಣು ತಪ್ಪಿಸಿಕೊಂಡು ಹೋಗಬೇಕು, ಗಂಡು ಬೆನ್ನು ಹತ್ತಬೇಕು, ಡೋಲು ಜೋರಾದಷ್ಟೂ ಹೆಜ್ಜೆ ಜೋರಾಗಬೇಕು, ಟ್ರೇಯ ಜಾಗ ಮಾತ್ರ ಕಡಿಮೆಯಾಗಬಾರದು. ನಾವು ಜೋಡಿಯಾಗಿ ಕುಣಿದದ್ದು ಹತ್ತೊಂಬತ್ತು ಶನಿವಾರ. ಚಹಾ ಚೆಲ್ಲಿದ್ದು ನಾಲ್ಕು ಸಲ. ಫಿಕಾ ಹೊತ್ತಿನಲ್ಲಿ, ಅಂದರೆ ಕಾಫಿ ಬಿಡುವಿನಲ್ಲಿ, ಎಲ್ಲರ ಜೊತೆ ಕುಳಿತು ಮಾತಾಡಿದ್ದು ಬಿಟ್ಟರೆ, ಇಬ್ಬರೇ ಮಾತಾಡಿದ್ದು ಆ ನಾಲ್ಕು ಸಲ ಗ್ಲಾಸು ತೊಳೆಯುವಾಗ. ಒಮ್ಮೆಯೂ ಮುಟ್ಟಿಲ್ಲ. ಇದನ್ನೂ ಬರೆದಿಟ್ಟಿದ್ದೇನೆ, ಯಾರೂ ಕೇಳದಿದ್ದರೂ.

ನಾಲ್ಕನೇ ಸಲ ಅವನು ಬೇಕೆಂದೇ ಚೆಲ್ಲಿದ. ಸಿಂಕಿನ ಹತ್ತಿರ ನಿಂತು, "ಅಮ್ಮಿ ಏಪ್ರಿಲ್‌ನಲ್ಲಿ ಬರ್ತಿದಾರೆ. ಕರ್ಕೊಂಡು ನಿಮ್ಮನೇಗ್ ಬರ್ಲಾ? ಮಾತಾಡೋದಿದೆ," ಎಂದ.

"ಏನು ಮಾತಾಡೋದು?"

"ವೆದರ್ ಬಗ್ಗೆ," ಎಂದ. ಆಮೇಲೆ ಗ್ಲಾಸನ್ನು ನೋಡುತ್ತಲೇ, "ಸೀರಿಯಸ್ ಆಗಿ ಕೇಳ್ತಿದೀನಿ ಕಣ್ರೀ," ಎಂದ. ನಾನು ಆ ಗ್ಲಾಸನ್ನು ಮತ್ತೆ ಮತ್ತೆ ತೊಳೆದೆ. ಕೊನೆಗೆ, "ಬನ್ನಿ," ಎಂದೆ.

ಇದನ್ನು ನಾನು ಮೊದಲು ಹೇಳಿದ್ದು ಚಿಕ್‌ಗುಗೆ. ಅಣ್ಣನಿಗಲ್ಲ, ವೈನಿಗಲ್ಲ, ಊರಲ್ಲಿರುವ ಅವ್ವನಿಗೂ ಅಲ್ಲ. ಅವರು ನನ್ನ ಎರಡೂ ಕೈ ಹಿಡಿದುಕೊಂಡರು. ತಮ್ಮ ಕಡೆ ಸಂಬಂಧ ಕೇಳುವ ಮೊದಲು ಹಿರಿಯ ಹೆಂಗಸೊಬ್ಬಳು ಹೋಗಿ ಸುಮ್ಮನೆ ಕೂತು ಬರುವ ಪದ್ಧತಿ ಇದೆ ಎಂದರು. ಆಕೆ ನೇರವಾಗಿ ಏನೂ ಕೇಳುವುದಿಲ್ಲವಂತೆ, ಈ ಕಡೆಯವರ ಒಳ್ಳೆಯದನ್ನು ಆ ಕಡೆ, ಆ ಕಡೆಯವರದನ್ನು ಈ ಕಡೆ ದಾಟಿಸುತ್ತಾಳಂತೆ. "ಅವಳ ಮಾತು ಮೇಲೇ ಎರಡು ಮನೆ ನಿಲ್ಲುತ್ತೆ. ನಿನಗೆ ಆ ಮುದುಕಿ ನಾನೇ," ಎಂದರು.

ನನಗೆ ಇದಕ್ಕಿಂತ ಭದ್ರವಾದ ದಾರಿ ಕಾಣಲಿಲ್ಲ. ಇರ್ಫಾನ್ ಮನೆಯಲ್ಲಿ ಉರ್ದು, ನಮ್ಮಲ್ಲಿ ಕನ್ನಡ. ನಮ್ಮ ಕಡೆ ಅದು ಸಣ್ಣ ವ್ಯತ್ಯಾಸವಲ್ಲ. ಪಿಂಜಾರರ ಹೆಣ್ಣೆಂದರೆ ಮೂಗು ಮುರಿಯುವವರಿದ್ದಾರೆ. ಮಕ್ಕಳಿಗೆ ಖುರಾನ್ ಕಲಿಸುವ ಹಿರಿಯರೊಬ್ಬರು 'ಹುಡುಗಿ ಒಳ್ಳೆಯವಳು' ಎಂದರೆ ಅದೆಲ್ಲ ದಾಟಿಹೋಗುತ್ತದೆ ಎಂದುಕೊಂಡೆ. ಜೊತೆಗೆ, ನಾವು ಹೇಗೆ ಪರಿಚಯವಾದೆವು ಎನ್ನುವುದನ್ನೂ ಅಣ್ಣನಿಗೆ ಅವರೇ ನಿಧಾನವಾಗಿ ಹೇಳುತ್ತೇನೆ ಎಂದಿದ್ದರು. ಏಪ್ರಿಲ್ ಬಂದರೂ ಹೇಳಿರಲಿಲ್ಲ. ಕೇಳಿದರೆ, "ಅವತ್ತೇ ಎಲ್ಲರೆದುರು ಚೆನ್ನಾಗಿ ಹೇಳ್ತೀನಿ, ಬಿಡು," ಎಂದರು. ಹುಡುಗ ಪಕ್ಕದ ಆಫೀಸಿನವನು ಎಂದಷ್ಟೇ ನಾನು ಮನೆಯಲ್ಲಿ ಹೇಳಿದ್ದೆ.

ಏಪ್ರಿಲ್ ಮೂರನೇ ಭಾನುವಾರ ಇರ್ಫಾನ್ ತಾಯಿಯ ಜೊತೆ ಬಂದ. ಅವರು ನಿವೃತ್ತ ಹೆಡ್‌ಮಿಸ್ಟ್ರೆಸ್, ಮಾತು ಕಡಿಮೆ, ಕನ್ನಡಕದ ಮೇಲಿಂದ ನೋಡುವವರು. ಚಿಕ್‌ಗು ಮೊದಲೇ ಬಂದು ಕೂತಿದ್ದರು, ಮಡಿಲಲ್ಲಿ ಒಂದು ದೊಡ್ಡ ಬಟ್ಟೆಯ ಚೀಲ. ನಾನು ಎದುರಿಗೆ ವೈನಿಯ ಪಕ್ಕ ಕೂತೆ.

"ನಿಮ್ಮನೇಲಿ ಉರ್ದು ಮಾತಾಡೋದೇ ಇಲ್ವಾ?" ಎಂದು ಇರ್ಫಾನ್ ತಾಯಿ ಕೇಳಿದರು.

"ನಮಾಜು ಅರಬ್ಬಿಯೊಳಗ, ಜಗಳ ಕನ್ನಡದಾಗ ರೀ," ಎಂದರು ವೈನಿ. ಇರ್ಫಾನ್ ತಾಯಿ ನಕ್ಕರು. ನನಗೆ ಉಸಿರು ಬಂತು. ಇನ್ನು ಪರವಾಗಿಲ್ಲ ಎನ್ನಿಸಿತು.

ಆಮೇಲೆ ಅವರು ಚಿಕ್‌ಗು ಕಡೆ ತಿರುಗಿ ಇಂಗ್ಲಿಷಿನಲ್ಲಿ ಕೇಳಿದರು. ಧ್ವನಿಯಲ್ಲಿ ಗೌರವವೇ ಇತ್ತು. "ಶುಕ್ರವಾರ ಮಸೀದಿಯಲ್ಲಿ ಒಬ್ಬರು ಹೇಳಿದರು. ನೀವು ಒಂದು ಡ್ಯಾನ್ಸ್ ಕ್ಲಾಸ್ ನಡೆಸ್ತೀರಂತೆ, ಅಲ್ಲಿ ಹುಡುಗರು ಹುಡುಗೀರು ಜೊತೆಗೆ ಕುಣೀತಾರಂತೆ. ನನ್ನ ಮಗನೂ ಬರ್ತಾನಂತೆ, ಈ ಹುಡುಗೀನೂ. ನಾನು ಬೇರೆಯವರ ಮಾತು ನಂಬೋಳಲ್ಲ. ನೀವೇ ಹೇಳಿ."

ಅಣ್ಣ ತಲೆ ಎತ್ತಿ ನನ್ನನ್ನು ನೋಡಿದ. ನಾನು ಚಿಕ್‌ಗುವನ್ನು ನೋಡಿದೆ. ಅವರು ಅವತ್ತೇ ಚೆನ್ನಾಗಿ ಹೇಳುತ್ತೇನೆ ಎಂದಿದ್ದ ಘಳಿಗೆ ಬಂದಿತ್ತು.

ಚಿಕ್‌ಗು ಕಪ್ಪನ್ನು ಕೆಳಗಿಟ್ಟರು. ಬಟ್ಟೆಯ ಚೀಲದಿಂದ ನೀಲಿ ಫೈಲು ತೆಗೆದರು. "ನನ್ನ ತರಗತಿ ಬೇರೆ ಬೇರೆ," ಎಂದರು. "ಹೆಂಗಸರು ಹನ್ನೊಂದರಿಂದ ಹನ್ನೆರಡು. ಗಂಡಸರು ಆಮೇಲೆ. ಇಲ್ಲಿ ನೋಡಿ, ಪ್ರತಿವಾರದ ಹಾಜರಿ. ಇದನ್ನು ಬರೆದವಳೂ ಇವಳೇ. ಹನ್ನೆರಡಕ್ಕೆ ನಾನು ಹೆಣ್ಣುಮಕ್ಕಳನ್ನು ಮನೆಗೆ ಹೋಗಿ ಅಂತೀನಿ. ಆಮೇಲೆ ಯಾರು ಉಳಿದರು, ಯಾಕೆ ಉಳಿದರು, ನನಗೆ ಗೊತ್ತಿಲ್ಲ. ಒಂದೆರಡು ಸಲ ಇವಳಿಗೆ ಬುದ್ಧಿ ಹೇಳಿದೆ. ಈಗಿನ ಮಕ್ಕಳು, ನಿಮಗೆ ಗೊತ್ತಲ್ಲ."

ಇಷ್ಟನ್ನೂ ಹೇಳುವಾಗ ಅವರ ಕಣ್ಣು ಕೆಳಗಿತ್ತು. ಹೊರಗಿನಿಂದ ನೋಡುವವರಿಗೆ ಅದು ಮರ್ಯಾದಸ್ಥ ಹೆಂಗಸಿನ ಸಂಕೋಚದಂತೆಯೇ ಕಾಣುತ್ತಿತ್ತು.

ಇರ್ಫಾನ್ ತಾಯಿ ಹಾಳೆಗಳನ್ನು ಒಂದೊಂದಾಗಿ ತಿರುವಿದರು. ನಲವತ್ತು ವರ್ಷ ಹಾಜರಿ ಪುಸ್ತಕ ನೋಡಿದ ಕೈ ಅದು. "ಇದು ನಿನ್ನ ಅಕ್ಷರಾನಾಮ್ಮ?" ಎಂದು ಕನ್ನಡದಲ್ಲಿ ಕೇಳಿದರು.

"ಹೌದು. ಆದರೆ ಅದು ಹಾಗಲ್ಲ, ನಾವೆಲ್ಲ ಜೊತೆಗೇ ಕಲಿತಿದ್ದು, ಚಿಕ್‌ಗುನೇ..."

"ಮತ್ತೆ ಇಲ್ಲಿ ಬರೆದಿರೋದು ಸುಳ್ಳಾ?"

ನಿಜ ಎಂದರೆ ನಾನು ತರಗತಿ ಮುಗಿದ ಮೇಲೂ ಗಂಡಸರ ಜೊತೆ ಉಳಿದವಳು. ಸುಳ್ಳು ಎಂದರೆ ಅರವತ್ತೆರಡು ಹಾಳೆ ಸುಳ್ಳು ಬರೆದು ಸಹಿ ಹಾಕಿದವಳು. ಮೂರನೆಯದೊಂದು ಹೇಳಬಲ್ಲವನು ಆ ಕೋಣೆಯಲ್ಲಿ ಒಬ್ಬನೇ ಇದ್ದ.

"ಇರ್ಫಾನ್?" ಎಂದರು ಅವನ ತಾಯಿ.

"ಅಮ್ಮಿ, ಇಲ್ಲಿ ಬೇಡ. ಮನೇಲ್ ಮಾತಾಡೋಣ," ಎಂದ. ಅವನ ಎದುರಿನ ಕೇಕು ಹಾಗೇ ಇತ್ತು.

ಎದ್ದು ಹೋಗುವಾಗ ಇರ್ಫಾನ್ ತಾಯಿ ವೈನಿಯ ಭುಜ ಮುಟ್ಟಿ, "ನಿಮ್ಮ ಮೇಲೆ ಏನೂ ಬೇಜಾರಿಲ್ಲ," ಎಂದರು. ಚಿಕ್‌ಗು ಕೊನೆಯಲ್ಲಿ ಹೊರಟರು. ಬಾಗಿಲಲ್ಲಿ ಚಪ್ಪಲಿ ಮೆಟ್ಟಿ, ಫೈಲಿದ್ದ ಚೀಲವನ್ನು ಹೆಗಲಿಗೇರಿಸಿ, ನನಗೆ ಸಲಾಂ ಹೇಳಿದರು. ಅಭ್ಯಾಸಬಲದಿಂದ ನಾನೂ ವಾಲೈಕುಂ ಸಲಾಂ ಎಂದೆ. ಅದಕ್ಕಾಗಿ ನನ್ನ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ.

ಅಣ್ಣ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಎಲ್ಲವನ್ನೂ ಹೇಳಿದೆ, ಮೊದಲ ದಿನದಿಂದ. ವೈನಿ ಒಳಗಿನಿಂದ ನನ್ನ ಡೈರಿಗಳನ್ನು ತಂದು ಅವನ ಮುಂದೆ ಇಟ್ಟರು. "ಇದರಾಗ ಎಲ್ಲಾ ಐತಿ, ತಾರೀಖು ಸಮೇತ. ಅವರ ತಾಯಿಗೆ ತೋರಸೋಣ. ಖರೇ ಯಾವದು ಅಂತ ಗೊತ್ತಾಗಲಿ," ಎಂದರು.

ಅಣ್ಣ ಡೈರಿಯನ್ನು ತೆರೆಯಲೇ ಇಲ್ಲ. "ಅದೂ ಇಕಿ ಕೈಯಾಗ ಬರದದ್ದ, ಇದೂ ಇಕಿ ಕೈಯಾಗ ಬರದದ್ದ. ಯಾವದು ನಂಬಬೇಕು ಅವರು?" ಎಂದ. ಆಮೇಲೆ ನನ್ನ ಕಡೆ ತಿರುಗಿ, "ನನಗ ಮೊದ್ಲ ಹೇಳಿದ್ರ ಏನಾಗ್ತಿತ್ತು? ಬ್ಯಾಡ ಅಂತಿದ್ದೆ, ಅಷ್ಟ," ಎಂದ.

ಇರ್ಫಾನ್‌ನಿಂದ ಮೂರು ಸಂದೇಶ ಬಂದವು. ಮೂರರಲ್ಲೂ ಒಂದೇ ಪದ, ಸಾರಿ. ಮೇ ತಿಂಗಳಲ್ಲಿ ಅವನು ಸೋಡರ್‌ಟೆಲ್ಯೆ ಎನ್ನುವ ದೂರದ ಊರಿನಲ್ಲಿ ಕೆಲಸ ಹಿಡಿದು ಹೋದ. ಅವನ ಮೇಲಿನ ಸಿಟ್ಟು ಒಂದು ತಿಂಗಳಲ್ಲಿ ತಣ್ಣಗಾಯಿತು. ಅವನು ಧೈರ್ಯ ಮಾಡುತ್ತೇನೆಂದು ಎಂದೂ ಹೇಳಿರಲಿಲ್ಲ, ಬರುತ್ತೇನೆ ಎಂದಿದ್ದ, ಬಂದ. ನನ್ನ ಪರವಾಗಿ ಮಾತಾಡುತ್ತೇನೆಂದು ಕೈ ಹಿಡಿದು ಹೇಳಿದವರು ಚಿಕ್‌ಗು.

ಅವರನ್ನು ಒಂದೇ ಸಲ ಕೇಳಿದೆ. ಡಾಗಿಸ್‌ನ ಅಂಗಳದಲ್ಲಿ, ಪುಟ್ಟಿ ಬೂಟು ಹಾಕಿಕೊಳ್ಳುತ್ತಿದ್ದಾಗ. ಅವರೇ ಏಪ್ರನ್ನಿಗೆ ಕೈ ಒರೆಸುತ್ತ ಹೊರಗೆ ಬಂದಿದ್ದರು.

"ನೀನು ಚಿಕ್ಕವಳು. ನಿನಗೆ ಇನ್ನೊಬ್ಬ ಸಿಗುತ್ತಾನೆ," ಎಂದರು. "ನನಗೆ ಇನ್ನು ಉಳಿದಿರೋದು ಆ ಹತ್ತೊಂಬತ್ತು ಮಕ್ಕಳು. ಗಂಡು-ಹೆಣ್ಣು ಕುಣಿಸ್ತೀನಿ ಅಂತ ಗೊತ್ತಾದರೆ ಒಂದು ಮಗೂನೂ ಕಳಿಸಲ್ಲ. ಆಮೇಲೆ ನಾನು ಯಾರು ಇಲ್ಲಿ? ಆಲೂಗಡ್ಡೆ ಸುಲಿಯೋಳು."

"ಸುಮ್ಮನಿರಬಹುದಿತ್ತಲ್ಲ, ಚಿಕ್‌ಗು."

"ಸುಮ್ಮನಿದ್ದರೆ ಹೌದು ಅಂದ ಹಾಗೆಯೇ."

"ಪಟ್ಟಿ ಎರಡು ಮಾಡಿಸಿದ್ದು ಮೊದಲ ದಿನವೇ. ಆಗ ಇರ್ಫಾನ್ ಇರಲಿಲ್ಲ, ಅವರ ತಾಯಿ ಇರಲಿಲ್ಲ."

"ಒಂದಲ್ಲ ಒಂದು ದಿನ ಯಾರಾದರೂ ಕೇಳುತ್ತಾರೆ ಅಂತ ಗೊತ್ತಿತ್ತು," ಎಂದರು. ಅದರಲ್ಲಿ ಮುಚ್ಚುಮರೆ ಇರಲಿಲ್ಲ.

"ನೀವೇ ಬರೆಯಬಹುದಿತ್ತು. ನನ್ನ ಕೈಯಲ್ಲಿ ಯಾಕೆ ಬರೆಸಿದಿರಿ?"

ಒಲೆಯ ಮೇಲೆ ಏನೋ ಇದೆ ಎಂದು ಒಳಗೆ ಹೋದರು.

ಪಕ್ಕದ ಮನೆಯಾಕೆಯ ಬಗ್ಗೆ ನಾನು ಅವರಿಗೆ ನೆನಪಿಸಲಿಲ್ಲ. ಮರೆತಿರುವವರಿಗೆ ನೆನಪಿಸಬಹುದು. ಅವರು ಅದನ್ನು ಮರೆತಿರಲಿಲ್ಲ. ನಲವತ್ತು ವರ್ಷ ಮರೆಯದೆ ಇಟ್ಟುಕೊಂಡವರು, ಆ ಹೆಂಗಸು ಹೇಗೆ ಪಾರಾದಳು ಎನ್ನುವುದನ್ನು ಮಾತ್ರ ಕಲಿತುಕೊಂಡಿದ್ದರು. ಆಕೆಯಾದರೂ ತನ್ನ ಮಗಳನ್ನು ಉಳಿಸಿಕೊಂಡಳು.

ಪುಟ್ಟಿಯನ್ನು ಭಾನುವಾರದ ತರಗತಿಗೆ ಕಳಿಸುವುದೋ ಬಿಡುವುದೋ ಎಂದು ವೈನಿ ನನ್ನನ್ನೇ ಕೇಳಿದರು. "ನೀ ಬ್ಯಾಡ ಅಂದ್ರ ಇವತ್ತ ಬಿಡಸ್ತೀನಿ. ಮಸೀದ್ಯಾಗೂ ಹೇಳ್ತೀನಿ, ಎಲ್ಲಾರ ಮುಂದ." ಅವರು ಹೇಳುವವರೇ. ನಾನು ಎರಡು ದಿನ ಯೋಚಿಸಿದೆ. ಕುಣಿಯಲು ಬರುತ್ತಿದ್ದ ಉಳಿದ ಐದು ಹೆಂಗಸರಲ್ಲಿ ಮೂವರಿಗೆ ಇನ್ನೂ ಮದುವೆಯಾಗಿಲ್ಲ. ಚಿಕ್‌ಗು ಹೆಸರು ಹೊರಬಿದ್ದರೆ ಅವರ ಹೆಸರೂ ಬೀಳುತ್ತದೆ. ಜೊತೆಗೆ, ಪುಟ್ಟಿಗೆ ಅಷ್ಟು ಸ್ಪಷ್ಟವಾಗಿ ಅಕ್ಷರ ಹೇಳಿಕೊಡುವವರು ಈ ಊರಿನಲ್ಲಿ ಇನ್ನೊಬ್ಬರಿಲ್ಲ. ಕಳಿಸಿ ಎಂದೆ.

ಈಗ ಭಾನುವಾರ ಸಂಜೆ ಪುಟ್ಟಿ ಕಲಿತದ್ದನ್ನು ಒಪ್ಪಿಸುತ್ತಾಳೆ. ಮಾತೆಲ್ಲ ಸ್ವೀಡಿಷ್, ಓದುವಾಗ ಮಾತ್ರ ಚಿಕ್‌ಗುವಿನ ರಾಗ. ಪ್ರತಿ ಸಾಲಿನ ಕೊನೆಗೆ ದನಿಯನ್ನು ಒಂಚೂರು ಎತ್ತಿ ಮೆಲ್ಲಗೆ ಇಳಿಸುವುದು. "ಎಷ್ಟು ಚಂದ ಕಲಿಸ್ಯಾರ," ಎಂದ ಅಣ್ಣ ಒಮ್ಮೆ, ಬಾಯಿ ತಪ್ಪಿ. ನಾನು ಹೌದು ಎಂದೆ. ಹೌದು ತಾನೆ.

ಎರಡು ವಾರದ ಹಿಂದೆ ಪುಟ್ಟಿ ನನ್ನ ಕೋಣೆಗೆ ಬಂದು ಸ್ವೀಡಿಷಿನಲ್ಲಿ ಹೇಳಿದಳು, "ಅತ್ತಿ, ಚಿಕ್‌ಗು ಪ್ರತಿ ಸಲ ಕೇಳ್ತಾರೆ. ನೀನು ಯಾವಾಗ ಬರ್ತೀಯ ಅಂತ."

"ಬರಲ್ಲ ಅಂತ ಹೇಳು."

"ಯಾಕೆ ಅಂತ ಕೇಳಿದ್ರೆ?"

"ಯಾಕೆ ಅಂತ ನಿಮಗೇ ಗೊತ್ತು ಅಂತ ಹೇಳು."

ಪುಟ್ಟಿ ಅದನ್ನು ಎರಡು ಸಲ ಹೇಳಿ ಬಾಯಿಪಾಠ ಮಾಡಿಕೊಂಡಳು. ಮೊನ್ನೆ ಭಾನುವಾರ ಅವಳು ಬರುವ ಹೊತ್ತಿಗೆ ನಾನು ಬಾಗಿಲಲ್ಲೇ ನಿಂತಿದ್ದೆ. "ಹೇಳಿದೆಯಾ?"

"ಹೇಳಿದೆ."

"ಏನಂದರು?"

ಪುಟ್ಟಿ ಜಾಕೆಟ್ಟು ಬಿಚ್ಚಿ ಕೆಳಗೆ ಹಾಕಿದಳು. "ಮುಂದಿನ ಸಾಲು ಓದು ಅಂದರು."